ಮಣೆ ಹಂಚಿದರೆ ಆಟ ಬರುವುದಿಲ್ಲ

ಹಾಸನ ಜಿಲ್ಲೆ ಅರಕಲಗೂಡು ತಾಲ್ಲೂಕಿನ ರುದ್ರಪಟ್ಟಣದಲ್ಲಿ ಸಂಗೀತ ಯಾಕೆ ಅಷ್ಟೊಂದು ಬೆಳೆಯಿತು ಎಂದು ಬಲ್ಲವರನ್ನು ಕೇಳಿ ನೋಡಿ. ಕಾವೇರಿ ದಡ ಎನ್ನುತ್ತಾರೆ. ಸಂಕೇತಿ ಮನೆತನಗಳ ಪಾಠಾಭ್ಯಾಸ ಎನ್ನುತ್ತಾರೆ. ಆರ್.ಕೆ. ಶ್ರೀಕಂಠನ್ ಅವರ ಹೆಸರು ಹೇಳುತ್ತಾರೆ, ತ್ಯಾಗರಾಜನ್ ಮತ್ತು ತಾರಾನಾಥನ್ ಸಹೋದರರ ಹೆಸರು ಹೇಳುತ್ತಾರೆ, ಊರಿಗೆ ಮರಳಿ ಸಂಗೀತೋತ್ಸವ ನಡೆಸಿ, ತಂಬೂರಿ ಆಕಾರದ ಸಪ್ತಸ್ವರ ದೇವತಾ ಧ್ಯಾನಮಂದಿರ ಕಟ್ಟಿಸಿದ ಆರ್.ಕೆ. ಪದ್ಮನಾಭ ಅವರ ಹೆಸರು ಹೇಳುತ್ತಾರೆ. ‘ಆ ಊರಿನಲ್ಲಿ ತಂಬೂರಿಗಳು ಜಾಸ್ತಿ ಇದ್ದವು, ಅದಕ್ಕೇ’ ಎಂದು ಮಾತ್ರ ಯಾರೂ ಹೇಳುವುದಿಲ್ಲ. 1920ರಲ್ಲಿ ಶ್ರೀಕಂಠನ್ ಹುಟ್ಟಿದ ಮನೆಯಲ್ಲಿ ತಂದೆ ಕೃಷ್ಣಶಾಸ್ತ್ರಿಗಳು ವಿದ್ವಾಂಸರು, ಅಣ್ಣ ವೆಂಕಟರಾಮಾಶಾಸ್ತ್ರಿ ಪಿಟೀಲು ವಿದ್ವಾಂಸರಾದರು. ಅಂಥ ಮನೆಯ ಮಗುವಿಗೆ ಸಂಗೀತವೆಂಬುದು ಯಾರೋ ಹೊರಗಿನಿಂದ ತಂದು ಕೊಟ್ಟ ವಸ್ತುವಲ್ಲ. ತಪ್ಪು ಹಾಡಿದರೆ ತಿದ್ದುವವರು ಬೆಳಿಗ್ಗೆಯೂ ಇದ್ದರು, ಸಂಜೆಯೂ ಇದ್ದರು, ಮರುದಿನವೂ ಇದ್ದರು.

ಬಡವರ ಮಕ್ಕಳಿಗೆ ಚದುರಂಗ ಕಲಿಸುವ ಮಾತು ಬಂದಾಗ ಇಷ್ಟು ಸರಳವಾದ ತಿಳಿವಳಿಕೆ ನಮಗೆ ಮರೆತೇಹೋಗುತ್ತದೆ. ಆಗ ನಾವು ಮಣೆ ಹಂಚುತ್ತೇವೆ. ಕರ್ನಾಟಕದಲ್ಲಿ ಐದೂವರೆ ಸಾವಿರಕ್ಕೂ ಹೆಚ್ಚು ಗ್ರಾಮ ಪಂಚಾಯಿತಿ ಗ್ರಂಥಾಲಯಗಳಿವೆ. ಅವಕ್ಕೆ ಈಗ ಅರಿವು ಕೇಂದ್ರ ಎಂದು ಹೆಸರು. 2020ರಲ್ಲಿ ಶುರುವಾದ ‘ಓದುವ ಬೆಳಕು’ ಕಾರ್ಯಕ್ರಮದಿಂದ ಅಲ್ಲಿಗೆ ಮಕ್ಕಳು ಬರತೊಡಗಿದರು, ಅನೇಕ ಕಡೆ ಪುಸ್ತಕಗಳ ಜತೆ ಚದುರಂಗದ ಮಣೆಯೂ ಬಂತು. ಇದು ನಮ್ಮ ಸರ್ಕಾರ ಈಚಿನ ವರ್ಷಗಳಲ್ಲಿ ಮಾಡಿರುವ ಒಳ್ಳೆಯ ಕೆಲಸಗಳಲ್ಲಿ ಒಂದು, ಅದರಲ್ಲಿ ಅನುಮಾನವಿಲ್ಲ. ಆದರೆ ಹಾಸನ ಜಿಲ್ಲೆಯದೇ ಒಂದು ಗ್ರಂಥಾಲಯದಲ್ಲಿ ನಾನು ಕಂಡ ಮಣೆ ಬೀರುವಿನೊಳಗಿತ್ತು. ದಾಸ್ತಾನು ಪುಸ್ತಕದಲ್ಲಿ ಅದಕ್ಕೊಂದು ನಂಬರು ಬಿದ್ದಿತ್ತು. ಕಾಯಿ ಕಳೆದುಹೋದರೆ ಮೇಲ್ವಿಚಾರಕಿ ಲೆಕ್ಕ ಕೊಡಬೇಕು, ಹಾಗಾಗಿ ಬೀಗ. ಕೇಳಿದ ಮೇಲೆ ಹೊರಗೆ ತೆಗೆದರು. ಬಿಳಿಯ ಕಡೆ ಒಂದು ಕಾಲಾಳು ಆಗಲೇ ಕಾಣೆಯಾಗಿ, ಅದರ ಜಾಗಕ್ಕೆ ಸೋಡಾ ಬಾಟಲಿಯ ಮುಚ್ಚಳ ಬಂದಿತ್ತು. ಆ ಮುಚ್ಚಳ ನೋಡಿ ನನಗೆ ಸಮಾಧಾನವಾಯಿತು. ಯಾರೋ ಒಬ್ಬರಾದರೂ ಆಡಿದ್ದಾರೆ. ಕುದುರೆ ಹೇಗೆ ನಡೆಯುತ್ತದೆ ಎಂದು ಅಲ್ಲಿದ್ದ ಮಕ್ಕಳನ್ನು ಕೇಳಿದರೆ ಒಬ್ಬೊಬ್ಬರು ಒಂದೊಂದು ಹೇಳಿದರು. ತಿದ್ದುವವರು ಯಾರೂ ಇರಲಿಲ್ಲ.

ನನ್ನ ವಾದ ಇಷ್ಟೇ: ಚದುರಂಗದಿಂದ ಬಡ ಮಕ್ಕಳಿಗೆ ಪ್ರಯೋಜನ ಆಗುವುದೇ ಆದರೆ ಅದು ಮಣೆಯಿಂದಲ್ಲ, ಆಟದ ಯಾವುದೋ ಗುಪ್ತ ಶಕ್ತಿಯಿಂದಲೂ ಅಲ್ಲ, ಮಣೆಯ ಪಕ್ಕ ವಾರ ತಪ್ಪದೆ ಬಂದು ಕೂರುವ ಒಬ್ಬ ವ್ಯಕ್ತಿಯಿಂದ. ಖರ್ಚು ಮಾಡುವುದಿದ್ದರೆ ಆ ವ್ಯಕ್ತಿಗೆ ಮಾಡಬೇಕು.

ಚದುರಂಗದ ಚರಿತ್ರೆಯೇ ಇದನ್ನು ಹೇಳುತ್ತದೆ. ವಿಶ್ವನಾಥನ್ ಆನಂದ್ 1988ರಲ್ಲಿ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಕರ್ನಾಟಕಕ್ಕೆ ಮೊದಲ ಗ್ರ್ಯಾಂಡ್‌ಮಾಸ್ಟರ್ ಸಿಕ್ಕಿದ್ದು 2017ರಲ್ಲಿ, ಮೈಸೂರಿನ ಎಂ.ಎಸ್. ತೇಜ್‌ಕುಮಾರ್. ಆನಂದ್ ಅವರ ತಮಿಳುನಾಡಿಗೂ ನಮಗೂ 29 ವರ್ಷದ ಅಂತರ. ಬುದ್ಧಿಯೇನು ಹೊಸೂರು ಗಡಿ ದಾಟುವಾಗ ಹೆಚ್ಚಾಗುವುದಿಲ್ಲ. ಚೆನ್ನೈಯಲ್ಲಿ 1972ರಲ್ಲಿ, ಭಾರತದ ಮೊದಲ ಇಂಟರ್‌ನ್ಯಾಷನಲ್ ಮಾಸ್ಟರ್ ಮ್ಯಾನ್ಯುಯೆಲ್ ಆರನ್ ಅವರ ಆಸಕ್ತಿಯಿಂದ, ಸೋವಿಯತ್ ಸಾಂಸ್ಕೃತಿಕ ಕೇಂದ್ರದೊಳಗೆ ಮಿಖಾಯಿಲ್ ತಾಲ್ ಹೆಸರಿನ ಚೆಸ್ ಕ್ಲಬ್ ಶುರುವಾಗಿತ್ತು. ಪುಟ್ಟ ಆನಂದ್ ಅಲ್ಲಿ ಆಡಿದರು. ಗೆದ್ದವರು ಕೂತಿರಬೇಕು, ಸೋತವರು ಎದ್ದು ಮತ್ತೆ ಸರದಿಗೆ ನಿಲ್ಲಬೇಕು ಎಂಬಂಥ ಜಾಗ. ರುದ್ರಪಟ್ಟಣದ ಮನೆಗಳು ಸಂಗೀತಕ್ಕೆ ಏನಾಗಿದ್ದವೋ ಚೆನ್ನೈಯ ಅಂಥ ಕೋಣೆಗಳು ಚದುರಂಗಕ್ಕೆ ಅದಾಗಿದ್ದವು. ಇನ್ನೂ ಸಣ್ಣ ಉದಾಹರಣೆ ಬೇಕೆಂದರೆ ಕೇರಳದ ತ್ರಿಶೂರ್ ಜಿಲ್ಲೆಯ ಮರೊಟ್ಟಿಚಾಲ್ ಇದೆ. ಕುಡಿತ, ಜೂಜಿಗೆ ಹೆಸರಾಗಿದ್ದ ಆ ಹಳ್ಳಿಯಲ್ಲಿ ಸಿ. ಉಣ್ಣಿಕೃಷ್ಣನ್ ಎಂಬುವರು ಚಹಾ ಅಂಗಡಿ ಇಟ್ಟುಕೊಂಡು ಬಂದವರಿಗೆಲ್ಲ ಚದುರಂಗ ಕಲಿಸಿದರು. ಈಗ ಅದು ಚೆಸ್ ಹಳ್ಳಿ ಎಂದೇ ಪ್ರಸಿದ್ಧ. ಅಲ್ಲಿನ ಸಂಸ್ಥೆ ಎಂದರೆ ಒಂದು ಬೆಂಚು, ಮತ್ತು ದಿನವೂ ಅಂಗಡಿ ತೆರೆಯುವ ಒಬ್ಬ ಮನುಷ್ಯ.

ರುದ್ರಪಟ್ಟಣದ ಉದಾಹರಣೆಗೆ ಇನ್ನೊಂದು ಮುಖವೂ ಇದೆ, ಅದನ್ನು ಮುಚ್ಚಿಡಬಾರದು. ಆ ಸಂಗೀತ ಬಹುಮಟ್ಟಿಗೆ ಒಂದೇ ಸಮುದಾಯದ ಮನೆಗಳೊಳಗೆ ಬೆಳೆಯಿತು. ಅದೇ ಊರಿನ, ಅದೇ ಹೊಳೆಯ ನೀರು ಕುಡಿದ ಬೇರೆ ಕೇರಿಯ ಮಕ್ಕಳಿಗೆ ಆ ಜಗಲಿ ದೂರವೇ ಇತ್ತು. ಕಲಿಕೆ ಮನೆತನದೊಳಗೆ ಹರಿಯುವುದು ಎಷ್ಟು ಸೊಗಸೋ ಹೊರಗಿನವರಿಗೆ ಅಷ್ಟೇ ಗೋಡೆ. ಮನೆಯಲ್ಲಿ ಸಿಗದ್ದನ್ನು ಸಾರ್ವಜನಿಕ ಜಾಗದಲ್ಲಿ ಕೊಡಬೇಕಾದವನೇ ತರಬೇತುದಾರ. ಅಪ್ಪ ವಿದ್ವಾಂಸನಲ್ಲದ ಮಗುವಿಗೆ ಸಂಜೆ ಎರಡು ಗಂಟೆ ಅಂಥ ಅಪ್ಪನೊಬ್ಬನನ್ನು ಒದಗಿಸುವ ಕೆಲಸ ಅದು.

ಈಗ ಚದುರಂಗದ ಪರವಾಗಿ ಸಾಮಾನ್ಯವಾಗಿ ಮಂಡಿಸುವ ವಾದಕ್ಕೆ ಬರೋಣ. ಗಣಿತ ಚುರುಕಾಗುತ್ತದೆ, ಏಕಾಗ್ರತೆ ಬರುತ್ತದೆ, ಮಾರ್ಕ್ಸ್ ಏರುತ್ತದೆ. ಅರ್ಮೇನಿಯಾ ದೇಶ 2011ರಲ್ಲಿ ಶಾಲೆಗಳಲ್ಲಿ ಚದುರಂಗವನ್ನು ಕಡ್ಡಾಯ ಮಾಡಿದಾಗ ಈ ಮಾತಿಗೆ ಇನ್ನಷ್ಟು ತೂಕ ಬಂತು. ಪುರಾವೆ ಮಾತ್ರ ಅಷ್ಟು ಗಟ್ಟಿಯಲ್ಲ. ಇಂಗ್ಲೆಂಡಿನಲ್ಲಿ 100 ಪ್ರಾಥಮಿಕ ಶಾಲೆಗಳಲ್ಲಿ ನಡೆದ, 2016ರಲ್ಲಿ ವರದಿಯಾದ ದೊಡ್ಡ ಪ್ರಯೋಗವೊಂದಿದೆ. ಒಂಬತ್ತು ಹತ್ತು ವರ್ಷದ ಮಕ್ಕಳಿಗೆ 30 ಗಂಟೆ ಚದುರಂಗದ ಪಾಠ. ವರ್ಷವಾದ ಮೇಲೆ ಪರೀಕ್ಷೆ. ಪಾಠ ಕಲಿತವರಿಗೂ ಕಲಿಯದವರಿಗೂ ಗಣಿತದಲ್ಲಿ ವ್ಯತ್ಯಾಸವೇ ಇರಲಿಲ್ಲ. (ಆ ಪಾಠಗಳಿಗೆ ಜಾಗ ಮಾಡಿಕೊಡಲು ಹೆಚ್ಚಾಗಿ ಬಿಟ್ಟುಕೊಟ್ಟದ್ದು ಸಂಗೀತದ್ದೋ ವ್ಯಾಯಾಮದ್ದೋ ಪೀರಿಯಡ್ಡನ್ನು. ರುದ್ರಪಟ್ಟಣದವರು ಕೇಳಿದರೆ ಏನೆನ್ನುತ್ತಿದ್ದರೋ!) ಅದೇ ವರ್ಷ ಸಾಲಾ ಮತ್ತು ಗೋಬೆ ಎಂಬ ಮನೋವಿಜ್ಞಾನಿಗಳು ಹಿಂದಿನ ಅಧ್ಯಯನಗಳನ್ನೆಲ್ಲ ಒಟ್ಟಿಗೆ ತೂಗಿ ನೋಡಿದರು. ಸ್ವಲ್ಪ ಲಾಭ ಕಾಣುತ್ತದೆ. ಆದರೆ ಹೆಚ್ಚಿನ ಅಧ್ಯಯನಗಳು ಚದುರಂಗ ಕಲಿತ ಮಕ್ಕಳನ್ನು ಹೋಲಿಸಿದ್ದು ಹೆಚ್ಚಿನದೇನನ್ನೂ ಪಡೆಯದ ಮಕ್ಕಳೊಂದಿಗೆ. ಅದು ಚದುರಂಗದ ಗುಣವೋ, ಹೊಸ ಮೇಷ್ಟ್ರು ಬಂದ ಹುರುಪೋ ಹೇಳುವುದು ಕಷ್ಟ.

ನಮಗೆ ಹೆಚ್ಚು ಹತ್ತಿರವಾದದ್ದು ಬಾಂಗ್ಲಾದೇಶದ ಹಳ್ಳಿಶಾಲೆಗಳ ಐದನೇ ತರಗತಿ ಮಕ್ಕಳ ಮೇಲೆ ನಡೆದ ಅಧ್ಯಯನ. ಅದು ಪ್ರಕಟವಾದದ್ದು 2021ರಲ್ಲಿ. ಗಣಿತದ ಲಾಭ ಅಲ್ಲಿಯೂ ಖಚಿತವಾಗಿ ನಿಲ್ಲಲಿಲ್ಲ. ನಿಂತದ್ದು ಒಂದೇ: ತರಬೇತಿ ಮುಗಿದು ಸುಮಾರು ಒಂದು ವರ್ಷವಾದರೂ ಆ ಮಕ್ಕಳಲ್ಲಿ ಅಪಾಯಕ್ಕೆ ಕೈಹಾಕುವ ಹಿಂಜರಿಕೆ ಕಡಿಮೆಯಾಗಿತ್ತು. ಇದನ್ನು ಓದಿದಾಗ ಬಹಳ ಜನ ನಿರಾಶರಾಗಬಹುದು. ಮಾರ್ಕ್ಸೇ ಬರದಿದ್ದರೆ ಏನು ಬಂತು? ನನಗೆ ಇದೇ ದೊಡ್ಡದಾಗಿ ಕಾಣುತ್ತದೆ. ಬಡತನದ ಮನೆಯಲ್ಲಿ ಮಗು ಮೊದಲು ಕಲಿಯುವ ಪಾಠವೇ ಕೈಹಾಕಬೇಡ ಎಂಬುದು. ಪ್ರಶ್ನೆ ಕೇಳಬೇಡ, ಅರ್ಜಿ ಹಾಕಬೇಡ, ಗೊತ್ತಿಲ್ಲದ ಊರಿಗೆ ಹೋಗಬೇಡ. ಆ ಹೆದರಿಕೆ ಅವಿವೇಕದ್ದಲ್ಲ, ಲೆಕ್ಕಾಚಾರದ್ದೇ. ಒಂದು ಸಲ ತಪ್ಪಿದರೆ ಮನೆ ಎರಡು ವರ್ಷ ಹಿಂದೆ ಬೀಳುತ್ತದೆ. ತಪ್ಪಿದರೂ ಏನೂ ಕಳೆದುಹೋಗದ ಜಾಗ ಆ ಮಗುವಿಗೆ ಬೇರೆಲ್ಲೂ ಸಿಗುವುದಿಲ್ಲ. ಮಣೆಯ ಮೇಲೆ ರಾಜ ಸತ್ತರೆ ಮತ್ತೆ ಕಾಯಿ ಜೋಡಿಸಿದರಾಯಿತು.

ಆದರೆ ಸೋಲು ತನ್ನಷ್ಟಕ್ಕೆ ಏನನ್ನೂ ಕಲಿಸುವುದಿಲ್ಲ. ಹೊಸಬರೆಲ್ಲ ಬೀಳುವ ಗುಂಡಿಯೊಂದಿದೆ: ನಾಲ್ಕು ನಡೆಯ ಚೆಕ್‌ಮೇಟ್. ಬಿಳಿಯವನು ರಾಜನ ಮುಂದಿನ ಕಾಲಾಳನ್ನು ಎರಡು ಮನೆ ತಳ್ಳುತ್ತಾನೆ, ಒಂಟೆಯನ್ನು ಓರೆಯಾಗಿ ಹೊರಗೆ ತರುತ್ತಾನೆ, ಮಂತ್ರಿಯನ್ನು ಅಂಚಿಗೆ ಎಳೆಯುತ್ತಾನೆ. ಎರಡರ ಕಣ್ಣೂ ಒಂದೇ ಮನೆಯ ಮೇಲೆ, ಕರಿಯ ರಾಜನ ಪಕ್ಕದ ಒಂಟೆಯ ಮುಂದಿರುವ ಬಡ ಕಾಲಾಳಿನ ಮೇಲೆ. ಕರಿಯ ಕಡೆಯ ಹುಡುಗ ತನ್ನ ಕುದುರೆಯನ್ನು ಜಿಗಿಸಿ ಮಂತ್ರಿಯನ್ನು ಹೆದರಿಸಿದೆ ಎಂದುಕೊಳ್ಳುತ್ತಾನೆ. ಮುಂದಿನ ನಡೆಗೆ ಆಟ ಮುಗಿದಿರುತ್ತದೆ. ಕಲಿಸುವವರಿಲ್ಲದ ಕಡೆ ಇದನ್ನು ಕಲಿತ ಹುಡುಗ ಊರಿಗೆಲ್ಲ ಚಾಂಪಿಯನ್, ಉಳಿದವರು ‘ನಮಗಿದು ಬರಲ್ಲ ಬಿಡು’ ಎಂದು ಎದ್ದು ಹೋಗುತ್ತಾರೆ. ಕಲಿಸುವವರಿದ್ದ ಕಡೆ ಅಲ್ಲೇ ಪಾಠ ಶುರು. ಕಾಯಿಗಳನ್ನು ಎರಡು ನಡೆ ಹಿಂದಕ್ಕೆ ಇಟ್ಟು, ಸೋತವನಿಗೆ ‘ಕೈ ತೊಡೆ ಕೆಳಗೆ ಇಟ್ಕೊ. ಈಗ ನೋಡು. ಅವ್ನು ಮಂತ್ರೀನ ಅಲ್ಲಿಗ್ಯಾಕ್ ತಂದ?’ ಎಂದು ಕೇಳುತ್ತಾರೆ. ಮಗು ಬಾಯಿಬಿಡುವವರೆಗೆ ಕಾಯುತ್ತಾರೆ. ನಲವತ್ತು ಮಕ್ಕಳ ತರಗತಿಯಲ್ಲಿ ಕೂಲಿಯವರ ಮಗುವಿಗೆ ‘ನೀನು ಏನಂದುಕೊಂಡೆ’ ಎಂದು ಕೇಳಿ, ಉತ್ತರಕ್ಕೆ ಕಾಯುವಷ್ಟು ಪುರುಸೊತ್ತು ಯಾರಿಗಿರುತ್ತದೆ? ಚದುರಂಗದ ಹೆಚ್ಚುಗಾರಿಕೆ ಇಷ್ಟೇ ಎನ್ನಿ, ಇಷ್ಟು ಎನ್ನಿ: ಮಗುವಿನ ಆಲೋಚನೆ ಮಣೆಯ ಮೇಲೆ ಕಣ್ಣಿಗೆ ಕಾಣುವಂತೆ ನಿಂತಿರುತ್ತದೆ, ಬೆರಳಿಟ್ಟು ತೋರಿಸಿ ಮಾತನಾಡಬಹುದು.

ಚದುರಂಗದ ಇನ್ನೊಂದು ಗುಣ ನಮ್ಮ ಹಳೆಯ ಆಟಗಳ ಪಕ್ಕದಲ್ಲಿಟ್ಟಾಗ ಹೊಳೆಯುತ್ತದೆ: ಅದರಲ್ಲಿ ದಾಳವಿಲ್ಲ. ಚೌಕಾಬಾರದಲ್ಲಿ ಕವಡೆ ಬೀಳಬೇಕು, ಪಗಡೆಯಲ್ಲಿ ದಾಳ ಬೀಳಬೇಕು. ಮಹಾಭಾರತ ಕೇಳಿ ಬೆಳೆದ ಅಜ್ಜಿಯರು ಮಣೆ ಕಂಡೊಡನೆ ಜೂಜು ಎಂದು ಗದರುವುದೂ ಇದಕ್ಕೇ. ಹುಲಿ-ಕುರಿ ಆಟದಲ್ಲಿ ದಾಳವಿಲ್ಲ, ಹಾಗಾಗಿ ದೇವಸ್ಥಾನದ ಕಲ್ಲುಹಾಸಿನ ಮೇಲೆ ಅದರ ಗೆರೆ ಕೊರೆದವರನ್ನು ಚದುರಂಗದ ನೆಂಟರೆಂದೇ ಎಣಿಸಬೇಕು. ಅರಕಲಗೂಡು ಕಡೆಯ ಮಗುವಿಗೆ ದಾಳವಿಲ್ಲದ ಆಟ ಎಂದರೆ ಏನು ಎಂದು ತಿಳಿಯಬೇಕಾದರೆ ರಾಮನಾಥಪುರದ ತಂಬಾಕು ಹರಾಜು ಕಟ್ಟೆಗೆ ಹೋಗಿ ನಿಲ್ಲಬೇಕು. ಸಸಿ ನೆಟ್ಟು, ಸೊಪ್ಪು ಮುರಿದು, ಕಡ್ಡಿಗೆ ಕಟ್ಟಿ, ಬ್ಯಾರನ್ ಎಂಬ ಒಲೆಮನೆಯಲ್ಲಿ ರಾತ್ರಿಯಿಡೀ ಸೌದೆ ಉರಿಸಿ ಹದ ಮಾಡಿದ ಬೇಲು ಅಲ್ಲಿ ಸಾಲಿನಲ್ಲಿ ಕೂತಿರುತ್ತದೆ. ಅದರ ದರ್ಜೆಯನ್ನೂ ದರವನ್ನೂ ಹೇಳುವವರು ಬೇರೆಯವರು. ಮಳೆ ಹೆಚ್ಚಾದರೂ ನಷ್ಟ, ಕಡಿಮೆಯಾದರೂ ನಷ್ಟ. ಅಪ್ಪನ ವರ್ಷದ ದುಡಿಮೆ ದಾಳದ ಮೇಲೆ ಕೂತಿರುವುದನ್ನು ಆ ಮಗು ನೋಡಿಕೊಂಡೇ ಬೆಳೆದಿದೆ. ಅದರ ಕೈಗೆ, ಎರಡೂ ಕಡೆ ಹದಿನಾರೇ ಕಾಯಿ ಇರುವ ಆಟ ಬರುತ್ತದೆ.

ಇಲ್ಲೇ ತರಬೇತುದಾರ ಎಚ್ಚರವಾಗಿರಬೇಕು. ಮಣೆಯ ಮೇಲೆ ಸೋತರೆ ತಪ್ಪು ನಿನ್ನದೇ ಎಂಬುದು ನಿಜ. ‘ಬದುಕೂ ಹೀಗೆಯೇ, ಸರಿಯಾದ ನಡೆ ಇಟ್ಟರೆ ಗೆಲ್ಲುತ್ತೀಯ’ ಎಂದು ಮುಂದುವರಿಸಿದರೆ ಅದು ಸುಳ್ಳು, ಕ್ರೂರವಾದ ಸುಳ್ಳು. ಹೊರಗೆ ಒಬ್ಬರಿಗೆ ಎರಡು ಮಂತ್ರಿ, ಇನ್ನೊಬ್ಬರಿಗೆ ಬರೀ ಕಾಲಾಳು. ಪ್ರೇರಣಾ ಭಾಷಣಕಾರರಿಗೆ ಚದುರಂಗ ತುಂಬಾ ಇಷ್ಟವಾಗುವುದು ಈ ವ್ಯತ್ಯಾಸವನ್ನು ಅಳಿಸಿಹಾಕಲು ಅದು ಅನುಕೂಲವಾದ್ದರಿಂದ. ನ್ಯಾಯವಾದ ಆಟ ಹೇಗಿರುತ್ತದೆ ಎಂದು ಒಮ್ಮೆ ಕೈಯಾರೆ ಆಡಿ ಬಲ್ಲ ಹುಡುಗಿ, ಮುಂದೆ ಅನ್ಯಾಯದ ಆಟ ಕಂಡಾಗ ‘ಇದ್ಯಾಕೆ ಹೀಗೆ’ ಎಂದು ಕೇಳಲಿ. ಆಗುವುದಾದರೆ ಆ ಪ್ರಯೋಜನ ಆಗಲಿ.

ಚದುರಂಗ ಅಗ್ಗದ ಆಟ ಎಂಬ ಮಾತೂ ಅರ್ಧ ಸತ್ಯವೇ. ಮಣೆ ಅಗ್ಗ. ಅದರಾಚೆಗೆ ನೋಂದಣಿ, ಪ್ರವೇಶ ಶುಲ್ಕ, ಮೈಸೂರು, ಬೆಂಗಳೂರು, ಮಂಗಳೂರಿಗೆ ಇಬ್ಬರ ಬಸ್ ಚಾರ್ಜು, ಎರಡು ಮೂರು ದಿನದ ಊಟ, ವಸತಿ, ಜತೆಗೆ ಹೋದ ಅಪ್ಪನಿಗೆ ತಪ್ಪಿದ ಕೂಲಿ. 2024ರ ಡಿಸೆಂಬರ್‌ನಲ್ಲಿ ಸಿಂಗಪುರದಲ್ಲಿ 18ನೇ ವಯಸ್ಸಿಗೆ ವಿಶ್ವ ಚಾಂಪಿಯನ್ ಆದ ಗುಕೇಶ್ ಅವರ ತಂದೆ ವೈದ್ಯರು. ಮಗನ ಜತೆ ತಿರುಗಲು ವೃತ್ತಿಯನ್ನೇ ನಿಲ್ಲಿಸಿದರು, ಒಂದು ಹಂತದಲ್ಲಿ ಸ್ನೇಹಿತರ ನೆರವೂ ಬೇಕಾಯಿತು. ವೈದ್ಯರ ಮನೆಗೇ ಹೀಗಾದರೆ ಬ್ಯಾರನ್ ಕೂಲಿಯವರ ಮನೆಗೆ? ಗ್ರ್ಯಾಂಡ್‌ಮಾಸ್ಟರ್ ಕನಸನ್ನು ತೋರಿಸಿ ಬಡ ಮಕ್ಕಳನ್ನು ಮಣೆಗೆ ಕರೆಯುವುದು ಲಾಟರಿ ಟಿಕೆಟ್ ಮಾರಿದಂತೆ.

ಬಡ ಮಕ್ಕಳಿಗೆ ಚದುರಂಗ ಕಲಿಸಿದವರ ಪ್ರಸಿದ್ಧ ಕತೆಗಳನ್ನೇ ಸ್ವಲ್ಪ ಕೆದಕಿದರೂ, ಫಲ ಇರುವುದು ಪದಕದಲ್ಲಲ್ಲ ಎಂಬುದು ಕಾಣುತ್ತದೆ. ಉಗಾಂಡದ ಕಂಪಾಲಾ ನಗರದ ಕಟ್ವೆ ಕೊಳೆಗೇರಿಯಲ್ಲಿ ರಾಬರ್ಟ್ ಕಟೆಂಡೆ ಚದುರಂಗ ಕಲಿಸತೊಡಗಿದಾಗ ಮಕ್ಕಳು ಬಂದದ್ದು ಆಟದ ಮೋಹಕ್ಕಲ್ಲ, ಅಲ್ಲಿ ಕೊಡುತ್ತಿದ್ದ ಒಂದು ಬಟ್ಟಲು ಗಂಜಿಗೆ. ಹಾಗೆ ಬಂದ ಫಿಯೋನಾ ಮುಟೇಸಿ 2010ರಲ್ಲಿ ರಷ್ಯಾದ ಖಾಂಟಿ ಮಾನ್ಸಿಸ್ಕ್‌ನಲ್ಲಿ ನಡೆದ ಒಲಿಂಪಿಯಾಡ್‌ನಲ್ಲಿ ದೇಶಕ್ಕಾಗಿ ಆಡಿದಳು. 2016ರಲ್ಲಿ ಮೀರಾ ನಾಯರ್ ಅವಳ ಮೇಲೆ ಸಿನಿಮಾ ಮಾಡಿದರು. ಜಾಗತಿಕ ಮಟ್ಟದ ರೇಟಿಂಗ್ ಪಟ್ಟಿಯಲ್ಲಿ ಹುಡುಕಿದರೆ ಫಿಯೋನಾ ಸಾಧಾರಣ ಆಟಗಾರ್ತಿ. ಅವಳ ಬದುಕನ್ನು ತಿರುಗಿಸಿದ್ದು ಪದಕವಲ್ಲ, ನಿಂತುಹೋಗಿದ್ದ ಓದು ಮತ್ತೆ ಶುರುವಾದದ್ದು, ಅದು ಅಮೆರಿಕದ ವಿಶ್ವವಿದ್ಯಾಲಯದವರೆಗೆ ಹೋದದ್ದು. ಕಟೆಂಡೆಯೂ ಪಂದ್ಯ ಗೆದ್ದು ಹೆಸರಾದವರಲ್ಲ, ಎಂಜಿನಿಯರಿಂಗ್ ಓದಿದವರು. ನೈಜೀರಿಯಾದ ಲಾಗೋಸ್‌ನಲ್ಲಿ 2018ರಲ್ಲಿ ಕೊಳೆಗೇರಿ ಮಕ್ಕಳಿಗಾಗಿ ಚದುರಂಗದ ಸಂಸ್ಥೆ ಕಟ್ಟಿದ ತುಂಡೆ ಓನಾಕೋಯಾ 2024ರ ಏಪ್ರಿಲ್‌ನಲ್ಲಿ ನ್ಯೂಯಾರ್ಕಿನ ಟೈಮ್ಸ್ ಸ್ಕ್ವೇರ್‌ನಲ್ಲಿ 60 ಗಂಟೆ ನಿದ್ದೆಗೆಟ್ಟು ಆಡಿದರು. ಆಡಿದ್ದು ದಾಖಲೆಗೆ, ಎತ್ತಿದ ಹಣ ಮಕ್ಕಳ ಶಾಲೆಗೆ. ಒಬ್ಬ ಮೇಷ್ಟ್ರು ಮಕ್ಕಳ ಫೀಸಿಗಾಗಿ ಮೂರು ದಿನ ರಸ್ತೆಯಲ್ಲಿ ಕೂರಬೇಕಾಯಿತು ಎಂಬುದನ್ನು ಸಾಹಸ ಎಂದು ಚಪ್ಪಾಳೆ ತಟ್ಟಿ ಸುಮ್ಮನಾಗುವುದು ನನಗೆ ಸರಿಕಾಣುವುದಿಲ್ಲ.

ಆಡುವವರ ಸ್ಥಿತಿಗೆ ನಿಯಮವನ್ನು ಹೇಗೆ ಹೊಂದಿಸಬೇಕು ಎಂಬುದಕ್ಕೆ ನಮಗೆ ಬೇಕಾದ ಮಾದರಿ ಶಿವಮೊಗ್ಗದಲ್ಲೇ ಇದೆ. ದೃಷ್ಟಿದೋಷವಿರುವ ಕಿಶನ್ ಗಂಗೊಳ್ಳಿ ಅಂಧರ ವಿಭಾಗದಲ್ಲಿ ಹಲವು ಬಾರಿ ರಾಷ್ಟ್ರೀಯ ಚಾಂಪಿಯನ್, 2023ರ ಹಾಂಗ್‌ಝೌ ಏಷ್ಯನ್ ಪ್ಯಾರಾ ಕ್ರೀಡಾಕೂಟದಲ್ಲಿ ಕಂಚು ಗೆದ್ದವರು. ಅಂಧರ ಮಣೆಯನ್ನು ಕೈಯಲ್ಲಿ ಹಿಡಿದು ನೋಡಿದರೆ ತಿಳಿಯುತ್ತದೆ: ಪ್ರತಿ ಮನೆಗೂ ಒಂದು ತೂತು, ಕಾಯಿಯ ಬುಡಕ್ಕೆ ಕಡ್ಡಿ, ಕರಿಯ ಮನೆಗಳು ತುಸು ಎತ್ತರ, ಒಂದು ಬಣ್ಣದ ಕಾಯಿಗಳ ನೆತ್ತಿಯ ಮೇಲೆ ಸಣ್ಣ ಮೊಳೆ. ‘ಮುಟ್ಟಿದ ಕಾಯಿಯನ್ನು ನಡೆಸಲೇಬೇಕು’ ಎಂಬುದು ಚದುರಂಗದ ಕಟ್ಟುನಿಟ್ಟಾದ ನಿಯಮ. ಕಣ್ಣು ಕಾಣದವರು ಮುಟ್ಟದೆ ನೋಡುವುದು ಹೇಗೆ? ಹಾಗಾಗಿ ಅವರ ಆಟದಲ್ಲಿ, ತೂತಿನಿಂದ ಕಾಯಿ ಎತ್ತಿದರೆ ಮಾತ್ರ ಮುಟ್ಟಿದ ಲೆಕ್ಕ. ಆಟ ಕಿಂಚಿತ್ತೂ ಸಡಿಲವಾಗಲಿಲ್ಲ. ನಿಯಮ ಮಾತ್ರ ಆಡುವವರ ಸ್ಥಿತಿಗೆ ತಕ್ಕಂತೆ ಸರಿದು ಕೂತಿತು.

ರುದ್ರಪಟ್ಟಣದ ಸುತ್ತಮುತ್ತಲಿನ ಮಕ್ಕಳಿಗೂ ನಿಯಮ ಹೀಗೆ ಸರಿಯಬೇಕು. ಬೇಸಿಗೆ ಶಿಬಿರ ಪೇಟೆ ಮಕ್ಕಳ ಅನುಕೂಲಕ್ಕೆ ಹುಟ್ಟಿದ್ದು. ಇಲ್ಲಿ ಏಪ್ರಿಲ್, ಮೇ ಎಂದರೆ ತಂಬಾಕಿನ ಸಸಿ, ಆಲೂಗೆಡ್ಡೆ ಬಿತ್ತನೆ. ಜುಲೈನಿಂದ ಸೊಪ್ಪು ಮುರಿಯುವುದು, ಬ್ಯಾರನ್ ಕೆಲಸ. ಆ ತಿಂಗಳುಗಳಲ್ಲಿ ಮಕ್ಕಳ ಹಾಜರಿ ಕುಸಿಯುವುದು ಮೇಷ್ಟ್ರುಗಳಿಗೆಲ್ಲ ಗೊತ್ತು. ಹುಡುಗಿಯರಾದರೆ ಕತ್ತಲಾದ ಮೇಲೆ ಮನೆಯಿಂದ ಹೊರಗೆ ಬಿಡುವುದಿಲ್ಲ. ಹಾಗಿರುವಾಗ ಶುರು ಮಾಡಬೇಕಾದ ಜಾಗ ವಿದ್ಯಾರ್ಥಿನಿಲಯಗಳು ಎಂದು ನನಗನ್ನಿಸುತ್ತದೆ. ಸಮಾಜ ಕಲ್ಯಾಣ ಇಲಾಖೆಯ ಹಾಸ್ಟೆಲ್‌ಗಳು, ಹಿಂದುಳಿದ ವರ್ಗಗಳ ಹಾಸ್ಟೆಲ್‌ಗಳು, ಮೊರಾರ್ಜಿ ದೇಸಾಯಿ ವಸತಿ ಶಾಲೆಗಳು ಅರಕಲಗೂಡು, ಹೊಳೆನರಸೀಪುರ, ಚನ್ನರಾಯಪಟ್ಟಣಗಳಲ್ಲೆಲ್ಲ ಇವೆ. ಮಕ್ಕಳು ಅಲ್ಲೇ ಇರುತ್ತಾರೆ, ಊಟ ಅಲ್ಲೇ ಆಗುತ್ತದೆ, ಸಂಜೆ ಐದರಿಂದ ಏಳು ಖಾಲಿ. ಕಟೆಂಡೆ ಗಂಜಿ ಕಾಯಿಸಿ ಸೇರಿಸಿಕೊಂಡ ಗುಂಪನ್ನು ಸರ್ಕಾರ ನಮಗೆ ಆಗಲೇ ಕೂಡಿಸಿ ಇಟ್ಟಿದೆ.

ಕಲಿಸುವವರು ಎಲ್ಲಿಂದ? ಗ್ರ್ಯಾಂಡ್‌ಮಾಸ್ಟರ್ ಬೇಕಾಗಿಲ್ಲ. ಪದವಿ ಮುಗಿಸಿ ಊರಲ್ಲೇ ಉಳಿದ ಹುಡುಗಿಯರಿದ್ದಾರೆ, ಅರಿವು ಕೇಂದ್ರದ ಮೇಲ್ವಿಚಾರಕರಿದ್ದಾರೆ. ಮೈಸೂರು, ಶಿವಮೊಗ್ಗದ ಆಟಗಾರರಿಂದ ಅವರಿಗೆ ತರಬೇತಿ ಕೊಡಿಸಬಹುದು. ಸೇವೆ ಎಂಬ ಹೆಸರಲ್ಲಿ ಬಿಟ್ಟಿ ದುಡಿಸಬಾರದು ಅಷ್ಟೆ. ತಿಂಗಳಿಗಿಷ್ಟು ಎಂದು ಸಂಬಳ ಕೊಡಬೇಕು, ಕನಿಷ್ಠ ಮೂರು ವರ್ಷ ಅದೇ ವ್ಯಕ್ತಿ ಅದೇ ಹಾಸ್ಟೆಲಿಗೆ ಬರುವಂತಿರಬೇಕು. ‘ಆ ದುಡ್ಡಲ್ಲಿ ಗಣಿತದ ಮೇಷ್ಟ್ರನ್ನೇ ಹಾಕಬಾರದೇ?’ ಎಂದು ಕೇಳುವವರ ಪ್ರಶ್ನೆ ನ್ಯಾಯವಾದದ್ದು. ಗಣಿತದ ಹುದ್ದೆ ಖಾಲಿ ಇದ್ದರೆ ಮೊದಲು ಅದನ್ನು ತುಂಬಲಿ. ಗಣಿತದ ಹೆಸರು ಹೇಳಿ ಚದುರಂಗಕ್ಕೆ ಹಣ ಕೇಳುವುದನ್ನು ನಾವೂ ಬಿಡೋಣ. ಕಲೆ, ಸಂಗೀತ, ಆಟಕ್ಕೆ ಉಳ್ಳವರ ಮಕ್ಕಳು ಮಾರ್ಕ್ಸಿನ ಲೆಕ್ಕ ಕೊಡಬೇಕಾಗಿಲ್ಲ. ಇಲ್ಲದವರ ಮಕ್ಕಳೇ ಯಾಕೆ ಕೊಡಬೇಕು?

ಇಂಥ ಕಾರ್ಯಕ್ರಮ ನಡೆದರೆ ಅದರ ವರದಿಯಲ್ಲಿ ಏನು ಬರೆಯಬೇಕೆಂಬುದೂ ಮುಖ್ಯ. ಎಷ್ಟು ಪದಕ, ಎಷ್ಟು ರೇಟಿಂಗ್ ಎಂಬ ಕಾಲಂ ಇಟ್ಟರೆ ಮೇಷ್ಟ್ರು ಚುರುಕಾದ ನಾಲ್ಕು ಮಕ್ಕಳನ್ನು ಆರಿಸಿಕೊಂಡು ಉಳಿದವರನ್ನು ಬಿಟ್ಟುಬಿಡುತ್ತಾರೆ. ಕಾಲಂ ಅವರನ್ನು ಹಾಗೆ ಮಾಡಿಸುತ್ತದೆ. ಅದರ ಬದಲು ಎರಡೇ ಸಂಗತಿ ಬರೆಸಲಿ: ಮೊದಲ ತಿಂಗಳು ಬಂದು ಸೋತ ಮಕ್ಕಳಲ್ಲಿ ಎಷ್ಟು ಮಂದಿ ಬ್ಯಾರನ್ ಕೆಲಸ ಮುಗಿದ ಮೇಲೆ ತಿರುಗಿ ಬಂದರು, ಮತ್ತು ಕಲಿಸುವವರು ಎಷ್ಟು ಸಂಜೆ ತಪ್ಪಿಸಿಕೊಂಡರು.